ಗೆದ್ದರೆ ಆಟಗಾರರು, ಸೋತರೆ ಗುರುಗಳು

ಡಮ್‌ಡಮ್ ಎಂದೊಡನೆ ಊರಿನ ನೆಂಟರು ನಮ್ಮನ್ನು ಕೇಳುವುದು ಎರಡೇ ಪ್ರಶ್ನೆ: ವಿಮಾನಗಳ ಸದ್ದಿನಲ್ಲಿ ನಿದ್ದೆ ಹೇಗೆ ಬರುತ್ತದೆ ಎಂಬುದೊಂದು, ಆ ಹೆಸರಿನ ಬಂದೂಕದ ಗುಂಡು ಅಲ್ಲಿಯೇ ತಯಾರಾದದ್ದು ನಿಜವೇ ಎಂಬುದಿನ್ನೊಂದು. ನಿದ್ದೆ ಬರುತ್ತದೆ, ಗುಂಡಿನ ಮಾತೂ ನಿಜವೇ. ಆದರೆ ಇಲ್ಲಿ ಮನೆ ಮಾಡಿದ ಹೊರನಾಡಿಗನಿಗೆ ಎದುರಾಗುವ ಪ್ರಶ್ನೆ ಇವೆರಡೂ ಅಲ್ಲ. ನಾಗೇರ್‌ಬಜಾರಿನ ತರಕಾರಿಯವನಿಂದ ಹಿಡಿದು ಕಚೇರಿಯ ಬಡೋಬಾಬುಗಳವರೆಗೆ ಎಲ್ಲರೂ ಕೇಳುವುದು ಒಂದೇ: "ದಾದಾ, ನೀವು ಯಾವ ಕಡೆ?"

ಇದು ರಾಜಕೀಯದ ಪ್ರಶ್ನೆಯಲ್ಲ, ಕಾಲ್ಚೆಂಡಿನ ಪ್ರಶ್ನೆ. ಗಂಗೆಯ ಈ ದಡದ ಹಳಬರು 'ಘೋಟಿ'ಗಳು. ಅವರದು ೧೮೮೯ರಲ್ಲಿ ಹುಟ್ಟಿದ ಮೋಹನ್ ಬಾಗಾನ್ ಕ್ಲಬ್ಬು. ಪದ್ಮಾ ನದಿಯ ಆಚೆಯ ಪೂರ್ವ ಬಂಗಾಳದ ಮೂಲದವರು 'ಬಾಂಗಾಲ್'ಗಳು; ಅವರದು ೧೯೨೦ರಲ್ಲಿ ಹುಟ್ಟಿದ ಈಸ್ಟ್ ಬೆಂಗಾಲ್. ದೇಶವಿಭಜನೆಯಲ್ಲಿ ಮನೆಮಾರು ಕಳೆದುಕೊಂಡು ಬಂದ ಲಕ್ಷಾಂತರ ಜನಕ್ಕೆ ಈ ಎರಡನೆಯ ಕ್ಲಬ್ಬಿನ ಕೆಂಪು-ಹಳದಿ ಅಂಗಿಯೇ ಊರಾಯಿತು. ತುಮಕೂರಿನಿಂದ ಬಂದ ನಾವು ಘೋಟಿಯೂ ಅಲ್ಲ, ಬಾಂಗಾಲೂ ಅಲ್ಲ. ಆರು ವರ್ಷ ಈ ಪ್ರಶ್ನೆಗೆ ಮುಗುಳ್ನಕ್ಕು ತಪ್ಪಿಸಿಕೊಂಡೆವು. ಕಳೆದ ಡಿಸೆಂಬರಿನಲ್ಲಿ ಮಾತ್ರ ಸಾಧ್ಯವಾಗಲಿಲ್ಲ.

ನಮ್ಮ ಪಾಡಾದ ಹುಡುಗರು ಚಳಿಗಾಲದಲ್ಲಿ ಐದೈದು ಜನರ ಪಂದ್ಯಗಳನ್ನು ಏರ್ಪಡಿಸುತ್ತಾರೆ. ನಮ್ಮ ಹನ್ನೊಂದು ವರ್ಷದ ಚಿರಂಜೀವಿ ಓಡುವುದರಲ್ಲಿ ಹಿಂದೆ. ಆದರೆ ಯಾರು ಎಲ್ಲಿ ನಿಲ್ಲಬೇಕೆಂದು ನೋಟ್‌ಬುಕ್ಕಿನಲ್ಲಿ ಗೀಚುವುದರಲ್ಲಿ ಮುಂದೆ. ಆ ಗೀಚಾಟವನ್ನು ಕಂಡ ಹುಡುಗರು ಅವನನ್ನು 'ಕೋಚ್' ಮಾಡಿದರು. ಮೊದಲನೆಯ ಪಂದ್ಯದಲ್ಲಿಯೇ ಆರು ಗೋಲು ಬಿದ್ದುವು, ಹೊಡೆದದ್ದು ಒಂದೂ ಇಲ್ಲ. "ಈ ಮದರಾಸಿಯಿಂದಲೇ ಸೋತೆವು" ಎಂದು ಯಾರೋ ಅಂದರು. ಹುಡುಗ ಮನೆಗೆ ಬಂದು ಚಪ್ಪಲಿಯನ್ನೂ ಬಿಚ್ಚದೆ, "ಅಪ್ಪಾ, ನಾವು ಬೆಂಗಳೂರಿಗೆ ಹೋಗಿಬಿಡೋಣ" ಎಂದನು.

ಅದೇ ವಾರ ನಮ್ಮ ಕೈಚೀಲದಲ್ಲಿ ವರ್ಗಾವಣೆಗೆ ಇಚ್ಛೆ ತಿಳಿಸುವ ಫಾರಂ ಇತ್ತು. ವರ್ಷಕ್ಕೊಮ್ಮೆ ಬರುವ ಫಾರಂ ಅದು. ಊರಿನಲ್ಲಿ ನಮ್ಮ ತಾಯಿ ಒಬ್ಬರೇ ಇದ್ದಾರೆ. ನಮ್ಮ ಮನೆಯವರು ಏನೂ ಹೇಳದೆ ನಮ್ಮ ಮುಖವನ್ನು ನೋಡಿದರು.

ಆಗ ಬಾಗಿಲಲ್ಲಿ ನಿಂತವರು ಎದುರು ಮನೆಯ ದಾದು. ೧೯೫೦ರಲ್ಲಿ ಬರಿಸಾಲದಿಂದ ತಾಯಿಯ ಮಡಿಲಲ್ಲಿ ಬಂದು, ನಿರಾಶ್ರಿತರ ಕಾಲೊನಿಯಲ್ಲಿ ಬೆಳೆದವರು. ವಿಷಯ ಕೇಳಿ ಅವರು ನಕ್ಕರು: "ಗೆದ್ದರೆ ಆಟಗಾರರ ಕೊರಳಿಗೆ ಹಾರ, ಸೋತರೆ ಕೋಚಿನ ಬೆನ್ನಿಗೆ ಕಲ್ಲು. ಇದು ತಿಳಿಯದೆ ಕೋಚ್ ಆದೆಯಾ?" ಹುಡುಗ ಕಣ್ಣೊರಸಿಕೊಂಡು, "ದಾದು, ನಿಮ್ಮ ಕ್ಲಬ್ಬಿನಲ್ಲಿ ಎಲ್ಲರಿಗಿಂತ ಹೆಚ್ಚು ಗೆದ್ದ ಕೋಚ್ ಯಾರು?" ಎಂದು ಕೇಳಿದನು. ಆ ಪ್ರಶ್ನೆಗೆ ಉತ್ತರ ಮುಗಿಯುವುದಕ್ಕೆ ನಾಲ್ಕು ಸಂಜೆ ಹಿಡಿದುವು. ಅವರು ಹೇಳಿದ್ದನ್ನೂ ಆಮೇಲೆ ನಾವು ಓದಿ ತಿಳಿದದ್ದನ್ನೂ ಸೇರಿಸಿ ವಾಚಕರ ಮುಂದಿಡುತ್ತಿದ್ದೇವೆ.

ಮೊದಲ ಸಂಗತಿಯೆಂದರೆ, ಬಹುಕಾಲ ಇಲ್ಲಿನ ಕ್ಲಬ್ಬುಗಳಲ್ಲಿ ಕೋಚ್ ಎಂಬ ಹುದ್ದೆಗೆ ಬೆಲೆಯೇ ಇರಲಿಲ್ಲ. ತಂಡವನ್ನು ಕಟ್ಟುತ್ತಿದ್ದವರು ಕ್ಲಬ್ಬಿನ ಕಾರ್ಯದರ್ಶಿಗಳು. ಈಸ್ಟ್ ಬೆಂಗಾಲಿನಲ್ಲಿ ಆ ಕೆಲಸಕ್ಕೆ ಹೆಸರಾದವರು ಜ್ಯೋತಿಷ್ ಚಂದ್ರ ಗುಹ. ಬಂಗಾಳದ ಆಟಗಾರರಷ್ಟಕ್ಕೇ ತೃಪ್ತರಾಗದೆ ಅವರು ದಕ್ಷಿಣದ ಕಡೆ ಕಣ್ಣು ಹಾಯಿಸಿದರು. ಹೀಗೆ ಕೂಡಿಬಂದವರೇ ವೆಂಕಟೇಶ್, ಅಪ್ಪಾರಾವ್, ಧನರಾಜ್, ಸಾಲೆ ಮತ್ತು ಅಹ್ಮದ್ ಖಾನ್. ಕಲ್ಕತ್ತೆಯ ಜನ ಇವರನ್ನು 'ಪಂಚಪಾಂಡವರು' ಎಂದು ಕರೆದರು. ೧೯೪೯ರ ಒಂದೇ ವರ್ಷದಲ್ಲಿ ಈಸ್ಟ್ ಬೆಂಗಾಲ್ ಲೀಗು, ಐ.ಎಫ್.ಎ. ಶೀಲ್ಡು, ರೋವರ್ಸ್ ಕಪ್ಪು ಮೂರನ್ನೂ ಗೆದ್ದಿತು. ೧೯೫೧ ಮತ್ತು ೧೯೫೨ರಲ್ಲಿ ಡ್ಯುರಾಂಡ್ ಕಪ್ಪನ್ನೂ ತಂದಿತು.

ಈ ಐವರಲ್ಲಿ ಅಹ್ಮದ್ ಖಾನ್ ನಮ್ಮ ಬೆಂಗಳೂರಿನವರು. ೧೯೪೮ರ ಲಂಡನ್ ಒಲಿಂಪಿಕ್ಸಿನಲ್ಲಿಯೂ ೧೯೫೨ರ ಹೆಲ್ಸಿಂಕಿಯಲ್ಲಿಯೂ ಭಾರತಕ್ಕೆ ಆಡಿದರು. ಚೆಂಡು ಅವರ ಕಾಲನ್ನು ಬಿಟ್ಟು ಹೋಗದು ಎಂಬ ಕಾರಣಕ್ಕೆ 'ಹಾವಾಡಿಗ' ಎಂಬ ಬಿರುದು ಬಂದಿತ್ತು. ಈಸ್ಟ್ ಬೆಂಗಾಲಿಗೆ ಸುಮಾರು ಹತ್ತು ವರ್ಷ ಆಡಿ, ಕಡೆಗೆ ೨೦೧೭ರಲ್ಲಿ ಬೆಂಗಳೂರಿನಲ್ಲಿ ಕಣ್ಣು ಮುಚ್ಚಿದರು. ಮನೆ ಕಳೆದುಕೊಂಡವರ ಕ್ಲಬ್ಬನ್ನು ಎತ್ತಿ ನಿಲ್ಲಿಸಿದವರಲ್ಲಿ ಕನ್ನಡ ನಾಡಿನಿಂದ ಬಂದವರೂ ಇದ್ದರೆಂದು ದಾದು ಹೇಳಿದಾಗ ನಮ್ಮ ಹುಡುಗ ಮೊದಲ ಬಾರಿಗೆ ತಲೆಯೆತ್ತಿ ನೋಡಿದನು.

ಇನ್ನು ಕೋಚುಗಳ ಮಾತಿಗೆ ಬರೋಣ. ಈ ಕ್ಲಬ್ಬಿನ ಚರಿತ್ರೆಯಲ್ಲಿ ಅತ್ಯಂತ ಹೆಚ್ಚು ಗೆದ್ದವರು ಯಾರೆಂದು ಮೈದಾನದಲ್ಲಿ ಕೇಳಿದರೆ ಮೊದಲು ಬರುವ ಹೆಸರು ಪಿ. ಕೆ. ಎಂಬ ಎರಡಕ್ಷರದ್ದು. ಪೂರ್ತಿ ಹೆಸರು ಪ್ರದೀಪ್ ಕುಮಾರ್ ಬ್ಯಾನರ್ಜಿ. ೧೯೩೬ರಲ್ಲಿ ಜಲ್ಪಾಯ್‌ಗುಡಿಯಲ್ಲಿ ಹುಟ್ಟಿದವರು. ವಿಚಿತ್ರವೆಂದರೆ ಆಟಗಾರರಾಗಿ ಅವರು ದೊಡ್ಡ ಕ್ಲಬ್ಬುಗಳಲ್ಲಿ ನೆಲೆಸಿದವರಲ್ಲ. ರೈಲ್ವೆಯ ನೌಕರಿಯಲ್ಲಿದ್ದು ಈಸ್ಟರ್ನ್ ರೈಲ್ವೆಯ ತಂಡಕ್ಕೆ ಆಡಿದರು. ೧೯೫೮ರಲ್ಲಿ ಆ ನೌಕರರ ತಂಡ ದೊಡ್ಡ ಕ್ಲಬ್ಬುಗಳನ್ನೆಲ್ಲ ಹಿಂದೆ ಹಾಕಿ ಕಲ್ಕತ್ತೆಯ ಲೀಗನ್ನು ಗೆದ್ದಿತು. ನಮ್ಮಂಥ ಸರ್ಕಾರಿ ನೌಕರರಿಗೆ ಇದು ಸ್ವಲ್ಪ ಹೆಮ್ಮೆಯ ವಿಷಯವಲ್ಲವೆ? ೧೯೬೦ರ ರೋಮ್ ಒಲಿಂಪಿಕ್ಸಿನಲ್ಲಿ ಪಿ. ಕೆ. ಭಾರತದ ನಾಯಕರು. ೧೯೬೨ರ ಜಕಾರ್ತಾ ಏಷ್ಯಾ ಕ್ರೀಡಾಕೂಟದ ಅಂತಿಮ ಪಂದ್ಯದಲ್ಲಿ ದಕ್ಷಿಣ ಕೊರಿಯವನ್ನು ೨-೧ರಿಂದ ಸೋಲಿಸಿ ಚಿನ್ನ ಗೆದ್ದಾಗ ಒಂದು ಗೋಲು ಅವರದು. ಆ ತಂಡದ ಗುರು ಹೈದರಾಬಾದಿನ ಸೈಯದ್ ಅಬ್ದುಲ್ ರಹೀಮ್, ಮರುವರ್ಷವೇ ತೀರಿಕೊಂಡರು. ಈ ಜಕಾರ್ತಾ ಎಂಬ ಹೆಸರನ್ನು ವಾಚಕರು ನೆನಪಿನಲ್ಲಿಡಬೇಕು. ಮುಂದೆ ಮತ್ತೊಮ್ಮೆ ಬರುತ್ತದೆ.

೧೯೭೨ರಲ್ಲಿ ಪಿ. ಕೆ. ಈಸ್ಟ್ ಬೆಂಗಾಲಿನ ಕೋಚ್ ಆದರು. ಆ ವರ್ಷ ತಂಡ ಒಂದು ಗೋಲನ್ನೂ ಬಿಟ್ಟುಕೊಡದೆ ಕಲ್ಕತ್ತೆಯ ಲೀಗನ್ನು ಗೆದ್ದಿತು. ಶೀಲ್ಡೂ ಡ್ಯುರಾಂಡೂ ಬಂದುವು. ರೋವರ್ಸ್ ಕಪ್ಪನ್ನು ಮೋಹನ್ ಬಾಗಾನಿನೊಡನೆ ಹಂಚಿಕೊಂಡಿತು. ಲೀಗಿನ ಗೆಲುವು ೧೯೭೫ರವರೆಗೆ ತಪ್ಪಲೇ ಇಲ್ಲ. ೧೯೭೦ರಿಂದ ಎಣಿಸಿದರೆ ಸತತ ಆರು ಲೀಗುಗಳು; ೧೯೩೪ರಿಂದ ೧೯೩೮ರವರೆಗೆ ಮೊಹಮ್ಮಡನ್ ಸ್ಪೋರ್ಟಿಂಗ್ ಗೆದ್ದ ಸತತ ಐದರ ದಾಖಲೆ ಹೀಗೆ ಮುರಿಯಿತು. ಆರರಲ್ಲಿ ಕಡೆಯ ನಾಲ್ಕು ಪಿ. ಕೆ. ಅವರ ಕಾಲದ್ದು. ೧೯೭೫ರ ಸೆಪ್ಟೆಂಬರ್ ೩೦ರಂದು ಶೀಲ್ಡಿನ ಅಂತಿಮ ಪಂದ್ಯದಲ್ಲಿ ಮೋಹನ್ ಬಾಗಾನಿಗೆ ಐದು ಗೋಲು ಹೊಡೆದು ಒಂದನ್ನೂ ಕೊಡಲಿಲ್ಲ. ದಾದು ಆ ದಿನ ಮೈದಾನದಲ್ಲಿದ್ದರಂತೆ. ಅದನ್ನು ವಿವರಿಸುವಾಗ ಅವರ ಚಹಾ ಆರಿ ತಣ್ಣಗಾಯಿತು. ನಮ್ಮ ಮನೆಯವರು ಎರಡು ಬಾರಿ ಬಿಸಿ ಮಾಡಿ ಕೊಡಬೇಕಾಯಿತು.

ಇಷ್ಟೆಲ್ಲ ಗೆಲ್ಲಲು ಅವರು ಮಾಡಿದ್ದೇನು? ವ್ಯಾಯಾಮ, ಅಭ್ಯಾಸ, ವ್ಯೂಹ ಎಲ್ಲವೂ ಉಂಟು. ಆದರೆ ಬಂಗಾಳಿಗಳು ಇಂದಿಗೂ ನೆನೆಯುವುದು ಅವರ 'ವೋಕಲ್ ಟಾನಿಕ್ಕ'ನ್ನು, ಎಂದರೆ ಮಾತಿನ ಔಷಧವನ್ನು. ಪಂದ್ಯಕ್ಕೆ ಮುನ್ನ ಆಟಗಾರರನ್ನು ಕೂರಿಸಿಕೊಂಡು ಒಬ್ಬೊಬ್ಬರಿಗೂ ತಕ್ಕ ಮಾತನ್ನಾಡುತ್ತಿದ್ದರು. ಒಬ್ಬನಿಗೆ ಹೊಗಳಿಕೆ, ಒಬ್ಬನಿಗೆ ಕೆಣಕು, ಮತ್ತೊಬ್ಬನಿಗೆ ತಾಯಿಯ ನೆನಪು. ವೈದ್ಯನಾದವನು ಎಲ್ಲರಿಗೂ ಒಂದೇ ಕಷಾಯ ಕೊಡುವುದಿಲ್ಲ.

ಈ ಔಷಧದಿಂದ ಚೇತರಿಸಿಕೊಂಡವರಲ್ಲಿ ಸುಭಾಷ್ ಭೌಮಿಕ್ ಒಬ್ಬರು. ಮೋಹನ್ ಬಾಗಾನಿನಲ್ಲಿ ಆಡುತ್ತಿದ್ದ ಈ ದಷ್ಟಪುಷ್ಟ ಮುಂಪಡೆಯ ಆಟಗಾರನ ಕಾಲ ಮುಗಿಯಿತೆಂದು ಜನ ಮಾತಾಡಿಕೊಳ್ಳುತ್ತಿದ್ದಾಗ, ೧೯೭೩ರಲ್ಲಿ ಪಿ. ಕೆ. ಅವರ ಈಸ್ಟ್ ಬೆಂಗಾಲ್ ಕರೆದುಕೊಂಡಿತು. ಕೈಬಿಟ್ಟ ಆಟಗಾರ ಪಿ. ಕೆ. ಅವರ ಗರಡಿಯಲ್ಲಿ ಮತ್ತೆ ದೊಡ್ಡ ಆಟಗಾರನಾದನು. ಇವರ ಕಥೆಯೂ ಮುಂದಿದೆ.

ಇಷ್ಟು ಮಾಡಿದ ಗುರು ೧೯೭೬ರಲ್ಲಿ ಎಲ್ಲಿದ್ದರು ಗೊತ್ತೆ? ಮೋಹನ್ ಬಾಗಾನಿನಲ್ಲಿ! ಅಲ್ಲಿಯೂ ಗೆದ್ದರು. ೧೯೭೭ರಲ್ಲಿ ಮೋಹನ್ ಬಾಗಾನಿಗೆ ಶೀಲ್ಡು, ರೋವರ್ಸ್, ಡ್ಯುರಾಂಡ್ ಮೂರೂ ಬಂದುವು. ಅದೇ ವರ್ಷ ಈಡನ್ ಗಾರ್ಡನ್ಸಿನಲ್ಲಿ ಪೆಲೆ ಆಡಿದ ನ್ಯೂಯಾರ್ಕ್ ಕಾಸ್ಮಾಸ್ ತಂಡದೊಡನೆ ಪಂದ್ಯ ೨-೨ರಲ್ಲಿ ಸಮವಾಯಿತು. "ನಿಮಗೆ ಕೋಪ ಬರಲಿಲ್ಲವೆ ದಾದು?" ಎಂದು ಹುಡುಗ ಕೇಳಿದನು. "ಎರಡು ವರ್ಷ ಅವರ ಹೆಸರು ಹೇಳಲಿಲ್ಲ. ಆಮೇಲೆ ವಯಸ್ಸಾಯಿತು, ಬುದ್ಧಿ ಬಂತು. ಅನ್ನ ಎಲ್ಲಿ ಸಿಕ್ಕುತ್ತದೋ ಅಲ್ಲಿಗೆ ಮನುಷ್ಯ ಹೋಗುತ್ತಾನೆ. ನಿಮ್ಮ ಅಪ್ಪನೂ ಬಂದಿಲ್ಲವೆ?" ಎಂದರು ದಾದು.

ಈ ಅಭಿಮಾನದ ಕರಾಳ ಮುಖವನ್ನೂ ಹೇಳದಿದ್ದರೆ ಅಪಚಾರವಾದೀತು. ೧೯೮೦ರ ಆಗಸ್ಟ್ ೧೬ರಂದು ಈಡನ್ ಗಾರ್ಡನ್ಸಿನಲ್ಲಿ ಈ ಎರಡು ತಂಡಗಳ ಪಂದ್ಯ ನಡೆಯುತ್ತಿದ್ದಾಗ ಪ್ರೇಕ್ಷಕರಲ್ಲಿ ಹೊಡೆದಾಟವೆದ್ದು, ನೂಕುನುಗ್ಗಲಿನಲ್ಲಿ ಹದಿನಾರು ಮಂದಿ ಪ್ರಾಣ ಕಳೆದುಕೊಂಡರು. ಮಗನನ್ನು ಮೈದಾನಕ್ಕೆ ಕಳುಹಿಸಿ ಬಾಗಿಲಲ್ಲಿ ಕಾಯುತ್ತಿದ್ದ ತಾಯಂದಿರಿಗೆ ಯಾವ ಕಪ್ಪು ಸಮಾಧಾನ ಕೊಟ್ಟೀತು?

ಎರಡನೆಯ ಹೆಸರು ಸೈಯದ್ ನಯೀಮುದ್ದೀನ್ ಅವರದು. ೧೯೭೦ರ ಏಷ್ಯಾ ಕ್ರೀಡಾಕೂಟದಲ್ಲಿ ಕಂಚು ಗೆದ್ದ ಭಾರತ ತಂಡದ ನಾಯಕರು. ಪಿ. ಕೆ. ಮಾತಿನ ಮನುಷ್ಯರಾದರೆ ಇವರು ಶಿಸ್ತಿನ ಮನುಷ್ಯರು. ೧೯೯೦ರಲ್ಲಿ ಇವರ ಕೈಕೆಳಗೆ ಈಸ್ಟ್ ಬೆಂಗಾಲ್ ಶೀಲ್ಡು, ಡ್ಯುರಾಂಡ್, ರೋವರ್ಸ್ ಮೂರನ್ನೂ ಒಂದೇ ವರ್ಷದಲ್ಲಿ ಗೆದ್ದಿತು. ಅದೇ ವರ್ಷದ ದ್ರೋಣಾಚಾರ್ಯ ಪ್ರಶಸ್ತಿಯೂ ಅವರಿಗೆ ಸಂದಿತು.

ಆಮೇಲೆ ಬಂದದ್ದು ೧೯೯೭ರ ಜುಲೈ ೧೩. ಫೆಡರೇಷನ್ ಕಪ್ಪಿನ ಸೆಮಿಫೈನಲ್. ಸಾಲ್ಟ್ ಲೇಕಿನ ಕ್ರೀಡಾಂಗಣದಲ್ಲಿ ಒಂದು ಲಕ್ಷದ ಮೂವತ್ತೊಂದು ಸಾವಿರಕ್ಕೂ ಹೆಚ್ಚು ಜನ. ಮತ್ತೆ ಈಸ್ಟ್ ಬೆಂಗಾಲಿಗೆ ಮರಳಿದ್ದ ಪಿ. ಕೆ. ಒಂದು ಕಡೆ. ಮೋಹನ್ ಬಾಗಾನಿನ ಕಡೆ ಅಮಲ್ ದತ್ತ. ನಮ್ಮ ಡಮ್‌ಡಮ್ಮಿಗೆ ಹತ್ತಿರದ ಬಾಗುಯಿಹಾಟಿಯ ನಿವಾಸಿಗಳು. ಕಾಲ್ಚೆಂಡಿನ ಶಿಕ್ಷಣ ಪಡೆಯಲು ಸ್ವಂತ ಖರ್ಚಿನಲ್ಲಿ ಇಂಗ್ಲೆಂಡಿಗೆ ಹೋಗಿಬಂದ ಧೀರರು. ಕೋಚಿನ ಕೆಲಸವನ್ನೇ ವೃತ್ತಿಯಾಗಿ ಹಿಡಿದವರಲ್ಲಿ ಈ ದೇಶಕ್ಕೆ ಮೊದಲಿಗರು. ಆ ವರ್ಷ ಅವರ 'ಡೈಮಂಡ್' ವ್ಯೂಹ ಎದುರಾದವರನ್ನೆಲ್ಲ ಮುರಿಯುತ್ತಿತ್ತು. ಪಂದ್ಯಕ್ಕೆ ಮುನ್ನ ಅವರು ತಮಾಷೆಗೆ ಈಸ್ಟ್ ಬೆಂಗಾಲಿನ ಓಮೋಲೋ ಎಂಬ ಆಟಗಾರನನ್ನು 'ಆಮ್ಲೆಟ್' ಎಂದರು, ಭೈಚುಂಗ್ ಭುಟಿಯಾನನ್ನು 'ಚುಂಗ್ ಚುಂಗ್' ಎಂದರು. ಎದುರಾಳಿ ಕೊಟ್ಟ ಬೈಗಳನ್ನೇ ಪಿ. ಕೆ. ಔಷಧವಾಗಿ ಅರೆದು ಕುಡಿಸಿದರು. ಭುಟಿಯಾ ಮೂರು ಗೋಲು ಹೊಡೆದನು. ಈಸ್ಟ್ ಬೆಂಗಾಲ್ ೪-೧ರಿಂದ ಗೆದ್ದಿತು. ಆದರೆ ಕಪ್ಪು ಬಂತೆ? ಇಲ್ಲ. ಫೈನಲಿನಲ್ಲಿ ಗೋವೆಯ ಸಾಲ್ಗಾಂವ್ಕರ್ ತಂಡದೆದುರು ಅದೇ ಈಸ್ಟ್ ಬೆಂಗಾಲ್ ೨-೧ರಿಂದ ಸೋತಿತು. ಕೋಚಿನ ಕೀರ್ತಿಯ ಆಯುಸ್ಸು ಎಷ್ಟೆಂದು ತಿಳಿಯಲು ಇದಕ್ಕಿಂತ ಬೇರೆ ನಿದರ್ಶನ ಬೇಡ. ಅಮಲ್ ದತ್ತರು ೨೦೧೬ರಲ್ಲಿಯೂ ಪಿ. ಕೆ. ೨೦೨೦ರಲ್ಲಿಯೂ ತೀರಿಕೊಂಡರು.

ಈಗ ಜಕಾರ್ತಾ. ಪಿ. ಕೆ. ಎತ್ತಿ ನಿಲ್ಲಿಸಿದ ಆ ಸುಭಾಷ್ ಭೌಮಿಕ್ ಕಾಲಾಂತರದಲ್ಲಿ ತಾವೇ ಈಸ್ಟ್ ಬೆಂಗಾಲಿನ ಕೋಚ್ ಆದರು. ೨೦೦೨-೦೩ ಮತ್ತು ೨೦೦೩-೦೪ರಲ್ಲಿ ಸತತ ಎರಡು ಬಾರಿ ರಾಷ್ಟ್ರೀಯ ಲೀಗನ್ನು ಗೆದ್ದುಕೊಟ್ಟರು. ಇವೆರಡರ ನಡುವೆ, ೨೦೦೩ರ ಜುಲೈಯಲ್ಲಿ, ಆಗ್ನೇಯ ಏಷ್ಯದ ಕ್ಲಬ್ಬುಗಳ ಆಸಿಯಾನ್ ಕಪ್ಪಿಗೆ ತಂಡವನ್ನು ಕರೆದೊಯ್ದರು. ಹೊರಡುವ ಮುನ್ನ ಆಟಗಾರರನ್ನು ದೊಡ್ಡ ಹೋಟೆಲಿನಲ್ಲಿರಿಸಿ, ಆಹಾರ ವ್ಯಾಯಾಮಗಳಿಗೆ ಹೊಸ ಕ್ರಮ ಹಾಕಿದರು.

ಮೊದಲನೆಯ ಪಂದ್ಯದಲ್ಲಿ ಏನಾಯಿತು? ಥಾಯ್ಲೆಂಡಿನ ಬಿ.ಇ.ಸಿ. ಟೆರೋ ಸಾಸನ ತಂಡದೆದುರು ಸೋತರು. ಕೋಚ್ ಧೃತಿಗೆಡಲಿಲ್ಲ. ಮುಂದಿನ ಪಂದ್ಯದಲ್ಲಿ ಫಿಲಿಪೈನ್ಸಿನ ಸೈನ್ಯದ ತಂಡಕ್ಕೆ ಆರು ಗೋಲು. ಆರನ್ನೂ ಹೊಡೆದವನು ಭುಟಿಯಾ. ಆಮೇಲೆ ಎರಡು ಸುತ್ತು ದಾಟಿ ಫೈನಲಿಗೆ ಬಂದರೆ ಎದುರಿಗೆ ಮತ್ತೆ ಅದೇ ಟೆರೋ ಸಾಸನ! ಜುಲೈ ೨೬ರಂದು ಈಸ್ಟ್ ಬೆಂಗಾಲ್ ೩-೧ರಿಂದ ಗೆದ್ದಿತು. ಗುರು ಚಿನ್ನ ಗೆದ್ದ ಜಕಾರ್ತಾದಲ್ಲಿಯೇ ನಲವತ್ತೊಂದು ವರ್ಷಗಳ ತರುವಾಯ ಶಿಷ್ಯ ಕಪ್ಪನ್ನೆತ್ತಿದನು. ರಹೀಮರಿಂದ ಪಿ. ಕೆ.ಗೆ, ಪಿ. ಕೆ.ಯಿಂದ ಭೌಮಿಕರಿಗೆ ಬಂದ ವಿದ್ಯೆ ಇದು. ಭೌಮಿಕರು ೨೦೨೨ರಲ್ಲಿ ಕಾಲವಾದರು.

"ಮೊದಲು ಸೋತ ತಂಡಕ್ಕೇ ಕಡೆಯಲ್ಲಿ ಸೋಲಿಸಿದರಾ?" ಎಂದು ನಮ್ಮ ಹುಡುಗ ಬಂಗಾಳಿ ಬೆರೆತ ಕನ್ನಡದಲ್ಲಿ ಎರಡು ಬಾರಿ ಕೇಳಿದನು. ಆ ರಾತ್ರಿ ನೋಟ್‌ಬುಕ್ಕು ಮತ್ತೆ ಹೊರಬಂದಿತು.

ಕಡೆಯ ಸಂಜೆ ದಾದುಗೆ ಕಥೆ ಹೇಳುವ ಸರದಿ ನಮ್ಮದಾಯಿತು. ೨೦೧೩ರಲ್ಲಿ ಹುಟ್ಟಿದ ನಮ್ಮ ಬೆಂಗಳೂರು ಎಫ್. ಸಿ. ಇಷ್ಟು ಬೇಗ ಮೇಲೆ ಬಂದದ್ದರಲ್ಲಿ ಅದರ ಕೋಚುಗಳ ಪಾಲು ದೊಡ್ಡದು. ಮೊದಲನೆಯ ಕೋಚ್ ಇಂಗ್ಲೆಂಡಿನ ಆಶ್ಲಿ ವೆಸ್ಟ್‌ವುಡ್. ಆಡಿದ ಮೊದಲ ವರ್ಷದಲ್ಲಿಯೇ ಐ-ಲೀಗ್ ಗೆಲ್ಲಿಸಿ, ೨೦೧೫-೧೬ರಲ್ಲಿ ಮತ್ತೊಮ್ಮೆ ಗೆಲ್ಲಿಸಿದರು. ಅನಂತರ ಸ್ಪೇನಿನ ಆಲ್ಬರ್ಟ್ ರೋಕಾ, ೨೦೧೬ರಲ್ಲಿ ಎ.ಎಫ್.ಸಿ. ಕಪ್ಪಿನ ಫೈನಲಿಗೆ ತಂಡವನ್ನು ಒಯ್ದರು. ೨೦೧೮ರ ಸೂಪರ್ ಕಪ್ಪಿನ ಫೈನಲಿನಲ್ಲಿ ಇದೇ ಈಸ್ಟ್ ಬೆಂಗಾಲನ್ನು ೪-೧ರಿಂದ ಸೋಲಿಸಿದಾಗಲೂ ಕೋಚ್ ಅವರೇ. ಈ ಭಾಗವನ್ನು ನಾವು ಸ್ವಲ್ಪ ಮೆಲ್ಲಗೆ ಹೇಳಿದೆವು. ರೋಕಾರ ಸಹಾಯಕರಾಗಿದ್ದವರು ಕಾರ್ಲೆಸ್ ಕ್ವಾದ್ರಾತ್. ೨೦೧೮ರ ಮಾರ್ಚ್ ೧೭ರಂದು ಕಂಠೀರವ ಕ್ರೀಡಾಂಗಣದಲ್ಲಿ ಇಂಡಿಯನ್ ಸೂಪರ್ ಲೀಗಿನ ಫೈನಲನ್ನು ಬೆಂಗಳೂರು ಸೋತಿತ್ತು. ಸರಿಯಾಗಿ ಒಂದು ವರ್ಷಕ್ಕೆ, ೨೦೧೯ರ ಮಾರ್ಚ್ ೧೭ರಂದು, ಮುಖ್ಯ ಕೋಚ್ ಆಗಿದ್ದ ಕ್ವಾದ್ರಾತ್ ಅದೇ ಕಪ್ಪನ್ನು ಮುಂಬಯಿಯಲ್ಲಿ ಗೆದ್ದರು.

ಈ ಕ್ವಾದ್ರಾತರೇ ೨೦೨೩ರಲ್ಲಿ ಕಲ್ಕತ್ತೆಗೆ ಬಂದು ಈಸ್ಟ್ ಬೆಂಗಾಲಿನ ಕೋಚ್ ಆದರು. ೨೦೨೪ರ ಜನವರಿ ೨೮ರಂದು ಭುವನೇಶ್ವರದಲ್ಲಿ ಒಡಿಶಾ ತಂಡವನ್ನು ೩-೨ರಿಂದ ಸೋಲಿಸಿ ಸೂಪರ್ ಕಪ್ ತಂದರು. ಹನ್ನೆರಡು ವರ್ಷಗಳ ಬರಗಾಲದ ಮೇಲೆ ಬಂದ ರಾಷ್ಟ್ರಮಟ್ಟದ ಕಪ್ಪು ಅದು. ನಮ್ಮ ಬೀದಿಯಲ್ಲಿ ಆ ರಾತ್ರಿ ಪಟಾಕಿ ನಿಲ್ಲಲಿಲ್ಲ. ಮುಂದಿನ ಸೆಪ್ಟೆಂಬರಿನಲ್ಲಿ ಲೀಗಿನ ಮೊದಲ ಮೂರು ಪಂದ್ಯಗಳನ್ನು ತಂಡ ಸೋತಿತು. ಮೊದಲನೆಯ ಸೋಲು ಬೆಂಗಳೂರಿನೆದುರೇ. ತಿಂಗಳು ಮುಗಿಯುವಷ್ಟರಲ್ಲಿ ಕ್ವಾದ್ರಾತ್ ಹೊರಟುಹೋದರು. ಹಾರಕ್ಕೂ ಕಲ್ಲಿಗೂ ನಡುವೆ ಎಂಟೇ ತಿಂಗಳು.

ಇಂಗ್ಲೆಂಡಿನ ಮ್ಯಾಂಚೆಸ್ಟರ್ ಯುನೈಟೆಡ್ಡಿನಲ್ಲಿ ಅಲೆಕ್ಸ್ ಫರ್ಗುಸನ್ ೧೯೮೬ರಿಂದ ೨೦೧೩ರವರೆಗೆ ಒಂದೇ ಕುರ್ಚಿಯಲ್ಲಿದ್ದರು. ಹದಿಮೂರು ಲೀಗುಗಳನ್ನು ಗೆದ್ದರೆಂದು ಲೋಕ ಕೊಂಡಾಡುತ್ತದೆ. ಆದರೆ ಮೊದಲನೆಯದು ಬಂದದ್ದು ೧೯೯೩ರಲ್ಲಿ. ಆರು ವರ್ಷಕ್ಕೂ ಮೇಲ್ಪಟ್ಟು ಆ ಕ್ಲಬ್ಬಿನವರು ಕಾದರು. ಕಾಯುವ ತಾಳ್ಮೆ ನಮ್ಮವರಿಗೂ ಇದ್ದಿದ್ದರೆ ಯಾರು ಯಾರು ಏನೇನು ಮಾಡುತ್ತಿದ್ದರೋ!

ಹಾಗಾದರೆ ಎಲ್ಲರಿಗಿಂತ ಹೆಚ್ಚು ಗೆದ್ದವರು ಯಾರು? ಕಪ್ಪುಗಳನ್ನೆಣಿಸಿದರೆ ಪಿ. ಕೆ.; ಕಡಲಾಚೆಯ ಕೀರ್ತಿಯನ್ನು ನೋಡಿದರೆ ಭೌಮಿಕ್; ಬರಗಾಲದ ಮಳೆಯನ್ನು ನೋಡಿದರೆ ಕ್ವಾದ್ರಾತ್. ದಾದು ಮಾತ್ರ ಹೀಗೆಂದರು: "ಗೆದ್ದದ್ದು ಪುಸ್ತಕದಲ್ಲಿದೆ. ಪಿ. ಕೆ. ದೊಡ್ಡವರಾದದ್ದು ಎಲ್ಲರೂ ಬೇಡವೆಂದ ಹುಡುಗನನ್ನು ಬೇಕೆಂದದ್ದರಿಂದ. ಬೇಡವೆನಿಸಿಕೊಂಡವರೇ ಅಲ್ಲವೆ ನಾವು ಇಲ್ಲಿಗೆ ಬಂದವರು?"

ಮುಂದಿನ ಭಾನುವಾರ ಹುಡುಗರ ಎರಡನೆಯ ಪಂದ್ಯ. ಆರು ಗೋಲು ಬಿಟ್ಟ ಗೋಲಿಯನ್ನು ತೆಗೆದುಹಾಕಬೇಕೆಂದು ಎಲ್ಲರೂ ಹಟ ಹಿಡಿದಿದ್ದರಂತೆ. ನಮ್ಮವನು ಒಪ್ಪಲಿಲ್ಲ. "ಅವನನ್ನು ಈಗ ಬಿಟ್ಟರೆ ಇನ್ನು ಆಡೋದೇ ಇಲ್ಲ ಅಪ್ಪಾ" ಎಂದನು. ಗೋಲಿಯ ಮುಂದೆ ಒಬ್ಬನನ್ನು ಹೆಚ್ಚಾಗಿ ನಿಲ್ಲಿಸಿ ಆಡಿಸಿದನು. ಮತ್ತೆ ಸೋತರು, ಈ ಸಲ ೨-೧. ಆದರೆ ಹುಡುಗರೆಲ್ಲ ಒಟ್ಟಿಗೆ ನಮ್ಮ ಮನೆಗೆ ಬಂದು, ಮಾಡಿಟ್ಟಿದ್ದ ಚಿತ್ರಾನ್ನವನ್ನು ಪೂರಾ ಖಾಲಿ ಮಾಡಿ, ಮೂರನೆಯ ಪಂದ್ಯಕ್ಕೆ ಯಾರು ಎಲ್ಲಿ ಎಂದು ಜಗಳವಾಡಿ ಹೋದರು.

ಅವರು ಹೋದಮೇಲೆ ನಮ್ಮ ಮನೆಯವರು ತಟ್ಟೆಗಳನ್ನೆತ್ತುತ್ತ ಕೇಳಿದರು: "ರೀ, ಆ ಫಾರಂ ಕೊಟ್ಟಿರಾ?"

"ಇನ್ನೂ ಇಲ್ಲ. ನಾಳೆ ಕಡೆಯ ದಿನ."

"ಈ ವರ್ಷ ಬೇಡ ಬಿಡಿ. ಇನ್ನೂ ಎರಡು ಪಂದ್ಯಗಳಿವೆಯಂತೆ."

ಫಾರಂ ಕೈಚೀಲದಲ್ಲಿಯೇ ಉಳಿಯಿತು. ಊರಿಗೆ ಫೋನು ಮಾಡಿ ತಾಯಿಯವರಿಗೆ ಹೇಳುವ ಕೆಲಸ ನಮ್ಮ ಪಾಲಿಗೆ ಬಂದಿತು. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, "ಹುಡುಗ ಗೆದ್ದನೇನೋ?" ಎಂದು ಕೇಳಿದರು. ಸೋತನೆಂದೆವು. "ಹಾಗಾದರೆ ಇರಲಿ ಬಿಡು, ಗೆಲ್ಲೋ ತನಕ ಅಲ್ಲೇ ಇರಲಿ. ಬೇಸಿಗೆ ರಜಕ್ಕೆ ಮಾತ್ರ ತಪ್ಪದೆ ಕರಕೊಂಡು ಬಾ" ಎಂದರು.